ಅಪ್ಪನ ಬಾಯಿ, ಬೇರೆಯವರ ದನಿ

ನಮ್ಮ ಮನೆಯ ಟ್ರಂಕಿನಲ್ಲಿ ಒಂದು ಹಳೆಯ ವಿಡಿಯೋ ಕ್ಯಾಸೆಟ್ಟಿದೆ. ಅದರಲ್ಲಿ ನಮ್ಮಪ್ಪ ಇದ್ದಾರೆ. ಅವರು ತೀರಿಕೊಂಡು ಇಪ್ಪತ್ತು ವರ್ಷದ ಮೇಲಾಯಿತು. ನಡೆದಾಡುವ, ಮಾತಾಡುವ ಅಪ್ಪ ಈಗ ಉಳಿದಿರುವುದು ಅದೊಂದರಲ್ಲೇ. ಆದರೆ ಅದರಲ್ಲಿ ಆಡುವುದು ಅಪ್ಪನ ಬಾಯಿ ಮಾತ್ರ. ಕೇಳಿಸುವ ದನಿ ಅವರದಲ್ಲ.

ನಡೆದದ್ದಿಷ್ಟು. 1990ರ ದಶಕದಲ್ಲಿ ಮಳೆ ಕೈಕೊಟ್ಟ ಒಂದು ವರ್ಷ. ನಮ್ಮ ಮಡಕಶಿರಾ ಸೀಮೆಯ ಕಡ್ಲೆಕಾಯಿ ಹೊಲಗಳ ಚಿತ್ರ ತೆಗೆಯಲು ಜೀಪಿನಲ್ಲಿ ನಾಲ್ಕು ಜನ ಬಂದರು. ಊರ ಮುಂದಿನ ಹೊಲ ನಮ್ಮದೇ ಆದ್ದರಿಂದ ಅಲ್ಲೇ ನಿಂತರು. ಅಪ್ಪ ಬದುವಿನ ಮೇಲೆ ಕೂತು ಅರ್ಧ ಗಂಟೆ ಮಾತಾಡಿದರು. ಒಂದು ಗಿಡ ಕಿತ್ತು, ಬೇರಿನ ಮಣ್ಣು ಕೊಡವಿ, ಜೊಳ್ಳು ಕಾಯಿ ಹಿಚುಕಿ ತೋರಿಸಿದರು. "ವಾನ ಬಂದ್ರೆ ಇದು ಚೇನು ಸ್ವಾಮಿ, ಬರ್ದಿದ್ರೆ ಬಯಲು" ಅಂದದ್ದು ನನಗೆ ಚೆನ್ನಾಗಿ ನೆನಪಿದೆ.

ಗಡಿಯ ಓದುಗರಿಗೆ ಈ ಮಾತಿನ ಧಾಟಿ ಹೊಸದೇನಲ್ಲ. ಅಗಳಿ, ರೊಳ್ಳ, ಅಮರಾಪುರ, ಗುಡಿಬಂಡೆ ಕಡೆಯ ಊರುಗಳಲ್ಲಿ ನಾವು ಆಡುವುದೇ ಹೀಗೆ. ಅಪ್ಪ ಎತ್ತು ಬೈಯುವುದು ಕನ್ನಡದಲ್ಲಿ, ಲೆಕ್ಕ ಹಾಕುವುದು ತೆಲುಗಿನಲ್ಲಿ. ಹಿಂದೂಪುರದ ಮಾರ್ಕೆಟ್ಟಿಗೆ ಹೋದರೆ ಒಂದು ಬಾಯಿ, ಸಿರಾ ಕಡೆ ನೆಂಟರ ಮನೆಗೆ ಹೋದರೆ ಇನ್ನೊಂದು ಬಾಯಿ. ಹೊಲದಲ್ಲಿ ಎರಡೂ ಸೇರಿದ್ದು.

ಕೆಲವು ತಿಂಗಳ ಮೇಲೆ ಕ್ಯಾಸೆಟ್ಟು ಬಂತು. ಊರಲ್ಲಿ ವಿ.ಸಿ.ಆರ್. ಇದ್ದ ಒಂದೇ ಮನೆಯಲ್ಲಿ ಐವತ್ತು ಜನ ಕೂತು ನೋಡಿದೆವು. ಅಪ್ಪನ ಅರ್ಧ ಗಂಟೆ ಮುಕ್ಕಾಲು ನಿಮಿಷಕ್ಕೆ ಇಳಿದಿತ್ತು. ಅದರ ಮೇಲೆ ಒಬ್ಬರು ಗಂಭೀರವಾದ ಪುಸ್ತಕದ ತೆಲುಗಿನಲ್ಲಿ, ಈ ಭಾಗದ ರೈತರು ಮಳೆಯನ್ನೇ ನಂಬಿ ಬದುಕುತ್ತಾರೆ ಅಂತ ಹೇಳುತ್ತಿದ್ದರು. ಸುಳ್ಳೇನಲ್ಲ, ಅಪ್ಪ ಹೇಳಿದ್ದೂ ಅದನ್ನೇ. ಆದರೆ ನೋಡಿದ ಮೇಲೆ ಅಪ್ಪ ಎದ್ದು ಪಂಚೆ ಕೊಡವಿಕೊಂಡು, "ನಾನು ಮೂಗ ಆಗ್ಬಿಟ್ನಲ್ಲೋ" ಅಂದರು. ಎಲ್ಲರೂ ನಕ್ಕೆವು. ಆ ನಗು ಈಗ ನನ್ನ ಗಂಟಲಲ್ಲಿ ಸಿಕ್ಕಿಕೊಂಡಿದೆ.

ಮೇಲಿನಿಂದ ಬರುವ ದನಿ

ಅಂಥ ದನಿ ನಮಗೆ ಮೊದಲಿಂದಲೂ ಗೊತ್ತು. ಟೂರಿಂಗ್ ಟಾಕೀಸಿನಲ್ಲಿ ಮರಳ ಮೇಲೆ ಕೂತು ಸಿನಿಮಾ ನೋಡಿದವರಿಗೆ, ಅಸಲು ಚಿತ್ರಕ್ಕೆ ಮುಂಚೆ ಬರುತ್ತಿದ್ದ ಸರ್ಕಾರದ ವಾರ್ತಾಚಿತ್ರ ನೆನಪಿರಬೇಕು. ಕೇಂದ್ರ ಸರ್ಕಾರ 1948ರಲ್ಲಿ ಫಿಲ್ಮ್ಸ್ ಡಿವಿಷನ್ ಸ್ಥಾಪಿಸಿತು. ಅದರ ಚಿತ್ರಗಳನ್ನು ತೋರಿಸುವುದು ಟಾಕೀಸಿನವರಿಗೆ ಕಡ್ಡಾಯವಾಗಿತ್ತು. ಅಣೆಕಟ್ಟು, ಗೊಬ್ಬರ, ಪ್ರವಾಹ, ಮಂತ್ರಿಗಳ ಪ್ರವಾಸ ಎಲ್ಲ ಬರುತ್ತಿದ್ದವು. ಚಿತ್ರದಲ್ಲಿ ಜನ ಇರುತ್ತಿದ್ದರು, ಅವರ ತುಟಿಯೂ ಆಡುತ್ತಿತ್ತು. ಮಾತು ಮಾತ್ರ ಮೇಲಿನಿಂದ ಬರುತ್ತಿತ್ತು. ಒಂದೇ ಚಿತ್ರಕ್ಕೆ ಹಲವು ಭಾಷೆಯ ದನಿ ಹಚ್ಚಿ ದೇಶಕ್ಕೆಲ್ಲ ಕಳಿಸುತ್ತಿದ್ದರು. ಒಬ್ಬನೇ ರೈತ ಒಂದು ಊರಲ್ಲಿ ತೆಲುಗಿನವನು, ಇನ್ನೊಂದು ಊರಲ್ಲಿ ಕನ್ನಡದವನು.

ಇದರಲ್ಲಿ ಬರೀ ದೊಡ್ಡಸ್ತಿಕೆ ಇತ್ತು ಅನ್ನಲಾರೆ, ಯಂತ್ರದ ತೊಡಕೂ ಇತ್ತು. ಚಿತ್ರ ತೆಗೆಯುತ್ತಲೇ ಅಲ್ಲಿನ ಮಾತನ್ನು ಸರಿಯಾಗಿ ಹಿಡಿಯಬಲ್ಲ, ಹೆಗಲ ಮೇಲೆ ಹೊತ್ತು ತಿರುಗಬಲ್ಲ ಸಾಧನಗಳು ಬಂದದ್ದು 1960ರ ಆಸುಪಾಸಿಗೆ. ಅದಕ್ಕೂ ಮುಂಚೆ ಶಬ್ದ ಹಿಡಿಯುವ ಯಂತ್ರವೇ ಒಂದು ಗಾಡಿ ಭಾರ. ಹೊಲದಲ್ಲಿ, ಸಂತೆಯಲ್ಲಿ, ಅಡುಗೆಮನೆಯಲ್ಲಿ ಜನ ಆಡುವ ಮಾತನ್ನು ಆಡಿದ ಹಾಗೇ ಹಿಡಿಯುವುದು ಬಹಳ ಕಷ್ಟದ ಕೆಲಸವಾಗಿತ್ತು. ಹೊಸ ಸಾಧನ ಬಂದಮೇಲೆ ಕೆಲವರು ಕೇಳಿದರು: ಇನ್ನು ಮೇಲಿನಿಂದ ಹೇಳುವುದು ಯಾತಕ್ಕೆ? ಜನರ ಮಾತೇ ಇದೆಯಲ್ಲ, ಸುಮ್ಮನೆ ನೋಡೋಣ, ಕೇಳೋಣ.

ಹೀಗೆ ತಾಳ್ಮೆಯಿಂದ ದಿನನಿತ್ಯದ ಬದುಕನ್ನು ನೋಡುತ್ತ ಕೂರುವ ಚಿತ್ರಗಳು ಬಂದವು. ಅವುಗಳಲ್ಲಿ ಒಂದು ಬಗೆಯನ್ನು ಇಂಗ್ಲಿಷಿನಲ್ಲಿ 'ಅಬ್ಸರ್ವೇಷನಲ್ ಸಿನಿಮಾ' ಅಂತ ಕರೆದರು. ಅಂಥದ್ದೊಂದು ಇದೆಯೆಂದು ನನಗೆ ತಿಳಿದದ್ದು ಇತ್ತೀಚೆಗೆ, ಬೆಂಗಳೂರಿನಲ್ಲಿ ಓದುವ ತಂಗಿಯ ಮಗನಿಂದ. ಹಬ್ಬಕ್ಕೆ ಬಂದಿದ್ದಾಗ ಅವನಿಗೆ ಅಪ್ಪನ ಕ್ಯಾಸೆಟ್ಟಿನ ಕತೆ ಹೇಳಿದೆ. ಅವನು, "ಮಾವ, ನಿಮಗೊಂದು ದನದ ಸಿನಿಮಾ ತೋರಿಸ್ತೀನಿ, ನಿದ್ದೆ ಮಾಡಬಾರದು" ಅಂತ ಲ್ಯಾಪ್‌ಟಾಪು ತೆಗೆದ.

ದನಗಾಹಿಗಳ ಅಂಗಳದಲ್ಲಿ

ಆ ಚಿತ್ರದ ಹೆಸರು 'ಟು ಲಿವ್ ವಿತ್ ಹರ್ಡ್ಸ್', ಅಂದರೆ ದನದ ಜೊತೆ ಬದುಕು. ತೆಗೆದವರು ಡೇವಿಡ್ ಮ್ಯಾಕ್‌ಡೂಗಲ್ ಎಂಬವರು, ಹೆಂಡತಿ ಜುಡಿತ್ ಜೊತೆಗೂಡಿ. 1968ರಲ್ಲಿ ಆಫ್ರಿಕಾದ ಉಗಾಂಡ ದೇಶದ ಈಶಾನ್ಯ ಮೂಲೆಗೆ ಹೋಗಿ, ಜಿಯೆ ಎಂಬ ದನಗಾಹಿ ಜನರ ನಡುವೆ ಇದ್ದು ಚಿತ್ರೀಕರಿಸಿದರು. ಚಿತ್ರ ಹೊರಬಂದದ್ದು 1972ರಲ್ಲಿ. ಕಪ್ಪು-ಬಿಳುಪು, ಎಪ್ಪತ್ತು ನಿಮಿಷದ ಸುಮಾರು.

ಚಿತ್ರದ ಆರಂಭದಲ್ಲಿ ಲೊಗೋತ್ ಎಂಬ ಯಜಮಾನ ತನ್ನ ಹಟ್ಟಿಯ ಸುತ್ತಲಿನ ಸೀಮೆಯನ್ನು ತೋರಿಸುತ್ತಾನೆ. ಆ ಕಡೆ ಯಾರ ನೆಲ, ಈ ಕಡೆ ಯಾರದು ಅಂತ ಕೈಚಾಚಿ ಹೇಳುತ್ತಾನೆ. ನೆಂಟರು ಬಂದಾಗ ನಮ್ಮ ಕಡೆ ಹಿರಿಯರು ಊರ ಗುಡ್ಡದ ಮೇಲೆ ನಿಂತು, "ಅಗೋ ಅದು ಪಾವಗಡ, ಇದು ನಮ್ದು" ಅನ್ನುವುದಿಲ್ಲವೆ, ಹಾಗೆಯೇ. ಕ್ಯಾಮೆರಾ ಅವನ ಹಿಂದೆಯೇ ಹೋಗುತ್ತದೆ. ಅದಕ್ಕೆ ಅವಸರವಿಲ್ಲ.

ಅಲ್ಲಿನ ಸಂಗತಿ ನಮಗೆ ದೂರದ್ದಲ್ಲ. ಹೆಂಗಸರು ಹಟ್ಟಿಯ ಹತ್ತಿರ ಜೋಳ ಬೆಳೆಯುತ್ತಾರೆ. ಬೇಸಿಗೆ ಬಂತೆಂದರೆ ನೀರು, ಹುಲ್ಲು ಹುಡುಕಿಕೊಂಡು ಗಂಡಸರು ದನ ಹೊಡೆದುಕೊಂಡು ದೂರ ಹೋಗುತ್ತಾರೆ. ಹಟ್ಟಿಯಲ್ಲಿ ಮುದುಕರು, ಹೆಂಗಸರು, ಮಕ್ಕಳು ಉಳಿಯುತ್ತಾರೆ. ಅಷ್ಟರಲ್ಲಿ 1962ರಲ್ಲಿ ಸ್ವತಂತ್ರವಾದ ದೇಶದ ಹೊಸ ಸರ್ಕಾರ ಬಂದಿದೆ. ಅಲೆಯುವವರು ಒಂದು ಕಡೆ ನೆಲೆ ನಿಲ್ಲಬೇಕು, ದನ ಮಾರಬೇಕು ಎಂಬ ಒತ್ತಾಯವಿದೆ. ಒಂದು ಭಾಗದಲ್ಲಿ ಬದಲಾವಣೆ, ಒಂದರಲ್ಲಿ ಅಗಲಿಕೆ, ಒಂದರಲ್ಲಿ ದನದ ಬೆಲೆ ಎಂದು ಚಿತ್ರವನ್ನು ಐದು ಪಾಲು ಮಾಡಿದ್ದಾರೆ. ಕೊನೆಯ ಪಾಲಿಗೆ 'ಸಮಾಚಾರ' ಎಂದು ಹೆಸರು. ದನದ ದೊಡ್ಡಿಗೆ ಹೋದವರು ಯಾರು ಹೇಗಿದ್ದಾರೆ ಅಂತ ಒಬ್ಬರನ್ನೊಬ್ಬರು ವಿಚಾರಿಸಿಕೊಳ್ಳುತ್ತಾರೆ. ಅದೇ ಮುಕ್ತಾಯ. ಹೊಡೆದಾಟವಿಲ್ಲ, ಹಾಡಿಲ್ಲ, ದೊಡ್ಡ ತಿರುವಿಲ್ಲ.

ನನಗೆ ನಿದ್ದೆ ಬರಲಿಲ್ಲ. ಹಿಂದೆ ಕೂತಿದ್ದ ನಮ್ಮವ್ವ ಇಂಗ್ಲಿಷು ಬಾರದಿದ್ದರೂ ದನ ನೋಡಿ, "ಪಾಪ, ಎಲುಬು ಕಾಣ್ತಾವೆ, ಮೇವಿಲ್ಲ" ಅಂದಳು.

ನನ್ನನ್ನು ಹಿಡಿದು ಕೂರಿಸಿದ್ದು ಬೇರೆ. ಅಲ್ಲಿ ಜನ ಮಾತಾಡುವುದು ಅವರ ಮಾತನ್ನೇ. ಅದರ ಮೇಲೆ ಇನ್ನೊಬ್ಬರ ದನಿ ಹಚ್ಚಿಲ್ಲ. ಅರ್ಥವನ್ನು ಮಾತ್ರ ಕೆಳಗೆ ಅಕ್ಷರದಲ್ಲಿ ಕೊಟ್ಟಿದ್ದಾರೆ. ವಿವರಣೆ ಅಲ್ಲೊಂದು ಇಲ್ಲೊಂದು, ಬಹಳ ಕಡಿಮೆ. ಈಗ ಅಡಿಬರಹ ಎಂದರೆ ಟಿ.ವಿ.ಯಲ್ಲಿ ದಿನಾ ನೋಡುವ ಸಂಗತಿ. ಆದರೆ ಇಂಥ ಜನಜೀವನದ ಚಿತ್ರಗಳಲ್ಲಿ ಆಗ ಅದು ಹೊಸದು. ದನ ಕಾಯುವವರ ಮಾತನ್ನು ಅವರ ಬಾಯಲ್ಲೇ ಕೇಳಿಸಿ, ಅಡಿಬರಹ ಕೊಟ್ಟ ಮೊದಲ ಸಾಲಿನ ಚಿತ್ರಗಳಲ್ಲಿ ಇದನ್ನೂ ಎಣಿಸುತ್ತಾರೆ. ಅದರಿಂದ ಏನಾಯಿತು? ಲೊಗೋತ್ 'ಒಬ್ಬ ಆಫ್ರಿಕದ ದನಗಾಹಿ' ಆಗಿ ಉಳಿಯಲಿಲ್ಲ. ಮಾತಿನ ಗತ್ತು, ಅನುಮಾನ, ನಗೆ ಇರುವ ಒಬ್ಬ ಯಜಮಾನನಾದ. ನಮ್ಮಪ್ಪನಿಗೆ ಸಿಗದೇ ಹೋದದ್ದು ಇದೇ.

ನಡೆಸಿ ನೋಡಬೇಕು

ಈ ಬಗೆಯ ಚಿತ್ರ ಯಾಕೆ ಇಷ್ಟು ನಿಧಾನ ಅಂತ ಅಳಿಯನನ್ನು ಕೇಳಿದೆ. ಅವನು ಪುಸ್ತಕದ ಮಾತಿನಲ್ಲಿ ಏನೇನೋ ಹೇಳಿದ. ನನಗೆ ಅರ್ಥವಾದದ್ದು ದನದ ಸಂತೆಯ ಲೆಕ್ಕದಲ್ಲಿ.

ಎತ್ತು ಕೊಳ್ಳುವವನು ಹಲ್ಲು ನೋಡಿ ದುಡ್ಡು ಎಣಿಸುತ್ತಾನೆಯೇ? ಇಲ್ಲ. ನಡೆಸಿ ನೋಡುತ್ತಾನೆ. ನೀರು ಕುಡಿಸಿ, ಮೇವು ಹಾಕಿ, ನೊಗಕ್ಕೆ ಹೆಗಲು ಕೊಡುತ್ತದೋ ಇಲ್ಲವೋ ಅಂತ ನೋಡುತ್ತಾನೆ. ಸುಮ್ಮನೆ ನಿಂತಾಗ ಯಾವ ಕಾಲ ಮೇಲೆ ಭಾರ ಬಿಡುತ್ತದೆ ಅಂತಲೂ ನೋಡುತ್ತಾನೆ. ಮಾರುವವನು ಎಷ್ಟು ಹೊಗಳಿದರೂ ಕಿವಿಗೆ ಹಾಕಿಕೊಳ್ಳುವುದಿಲ್ಲ. ಹೊಗಳುವ ದನಿ ವಾರ್ತಾಚಿತ್ರದ್ದು. ನಡೆಸಿ ನೋಡುವುದು ಈ ಚಿತ್ರಗಳ ದಾರಿ.

ತುಂಡು ತುಂಡು ಮಾಡಿ ತೋರಿಸಿದರೆ ಬೇಕಾದ್ದನ್ನು ಜೋಡಿಸಬಹುದು. ಒಬ್ಬ ಹೆಂಗಸು ಕಾಯಿ ಬಿಡಿಸುವುದನ್ನು ಮೂರು ಸೆಕೆಂಡು ತೋರಿಸಿದರೆ 'ಕೂಲಿಯವಳು' ಅಂತ ತಿಳಿಯುತ್ತದೆ, ಅಷ್ಟೆ. ಮೂರು ನಿಮಿಷ ತೋರಿಸಿದರೆ ಅವಳ ಕೈಯ ಚುರುಕು, ನಡುವೆ ಬೆನ್ನು ನೆಟ್ಟಗೆ ಮಾಡಿಕೊಳ್ಳುವುದು, ಜಳ್ಳನ್ನು ಕಣ್ಣೆತ್ತದೆ ಬೇರೆ ಮಾಡುವುದು, ಪಕ್ಕದವಳ ಮಾತಿಗೆ ತುಟಿಯಂಚಲ್ಲಿ ನಗುವುದು ಎಲ್ಲ ಕಾಣುತ್ತದೆ. ಆಗ ಅವಳು ಅವಳೇ ಆಗುತ್ತಾಳೆ.

ಹಾಗೆ ನೋಡುವುದು ಆ ಕಾಲದಲ್ಲಿ ದುಬಾರಿ ಬಾಬ್ತು. 16 ಮಿಲಿಮೀಟರ್ ರೀಲಿನ 400 ಅಡಿ ಸುರುಳಿ ಹನ್ನೊಂದು ನಿಮಿಷಕ್ಕೆ ಮುಗಿದುಹೋಗುತ್ತಿತ್ತು. ಬಿತ್ತನೆ ಬೀಜದ ಹಾಗೆ ಅಳೆದು ಹಾಕಬೇಕು. ಯಾವಾಗ ಶುರು ಮಾಡಬೇಕು, ಎಲ್ಲಿಯವರೆಗೆ ತಾಳಬೇಕು ಎಂಬುದರಲ್ಲೇ ಕಸುಬು. ಈಗ ಜೇಬಿನ ಫೋನಿನಲ್ಲಿ ಗಂಟೆಗಟ್ಟಲೆ ತುಂಬಿಸಬಹುದು. ತಾಳ್ಮೆ ಮಾತ್ರ ಅಂಗಡಿಯಲ್ಲಿ ಸಿಗುವುದಿಲ್ಲ.

ಒಂಟೆಯ ಚೌಕಾಸಿ

ವ್ಯಾಪಾರಿ ಓದುಗರಿಗೆ ಹಿಡಿಸುವ ಚಿತ್ರ ಇನ್ನೊಂದಿದೆ. ಉಗಾಂಡದ ಕೆಲಸ ಮುಗಿದ ಮೇಲೆ ಮ್ಯಾಕ್‌ಡೂಗಲ್ ದಂಪತಿಗಳು ಗಡಿಯಾಚೆಯ ಕೀನ್ಯಾ ದೇಶದ ತುರ್ಕಾನ ಜನರ ಬಳಿಗೆ ಹೋದರು. ಈ ಜಿಯೆ, ತುರ್ಕಾನ ಇಬ್ಬರ ಮಾತೂ ಹತ್ತಿರ ಹತ್ತಿರದ್ದು, ನಡುವೆ ಎರಡು ದೇಶದ ಗೆರೆ. ನಮಗೆ ರಾಜ್ಯದ ಗೆರೆ, ಅವರಿಗೆ ದೇಶದ್ದು. 1973-74ರಲ್ಲಿ ಅಲ್ಲಿದ್ದು ತೆಗೆದದ್ದರಿಂದ ಮೂರು ಚಿತ್ರಗಳಾದವು. ಅದರಲ್ಲೊಂದು 1977ರ 'ದಿ ವೆಡ್ಡಿಂಗ್ ಕ್ಯಾಮೆಲ್ಸ್', ಮದುವೆಯ ಒಂಟೆಗಳು.

ಲೊರಾಂಗ್ ಎಂಬ ಯಜಮಾನನ ಮಗಳಿಗೆ ಮದುವೆ. ಗಂಡು ಅವನ ವಾರಿಗೆಯ ಗೆಳೆಯನೇ. ಅಲ್ಲಿ ಗಂಡಿನವರು ಹೆಣ್ಣಿನವರಿಗೆ ಒಂಟೆ, ದನ, ಆಡು-ಕುರಿ ತೆರ ಕೊಡಬೇಕು. ಎಷ್ಟು, ಯಾವ ಒಂಟೆ, ಯಾರಿಗೆ ಎಷ್ಟು ಪಾಲು ಎಂಬುದೇ ಇಡೀ ಚಿತ್ರ. ಗೆಳೆತನ ಒಂದು ಕಡೆ, ತೆರ ಒಂದು ಕಡೆ. ಕೇಳುವವರು ಹೆಚ್ಚು ಕೇಳುತ್ತಾರೆ, ಕೊಡುವವರು ಇಲ್ಲವೆನ್ನುತ್ತಾರೆ. ನಡುವೆ ಮುನಿಸು, ಮತ್ತೆ ಮಾತು. ಯಾರ ಪಕ್ಷವನ್ನೂ ಚಿತ್ರ ಹಿಡಿಯುವುದಿಲ್ಲ. ಯಾರು ಸರಿ ಅಂತ ನೀವೇ ತೀರ್ಮಾನಿಸಬೇಕು. ಟವೆಲಿನ ಕೆಳಗೆ ಬೆರಳು ಹಿಡಿದು ದರ ಕುದುರಿಸುವುದನ್ನು ಕಂಡ ನಮಗೆ ಅಡಿಬರಹವೇ ಬೇಡ ಅನ್ನಿಸುತ್ತದೆ. ಹತ್ತು ಮಾತಾಡಿ ಒಂದು ಒಂಟೆ ಬಿಡಿಸಿಕೊಳ್ಳುವ ಮುಖ ಯಾವ ಸೀಮೆಯಲ್ಲಾದರೂ ಒಂದೇ.

ಕ್ಯಾಮೆರಾ ನಿಂತಲ್ಲಿ ಜನ ಸಹಜವಾಗಿರುತ್ತಾರಾ, ನಾಟಕ ಮಾಡುವುದಿಲ್ಲವಾ ಅಂತ ನೀವು ಕೇಳಬಹುದು. ನಾನೂ ಕೇಳಿದೆ. ಕೇಳಬೇಕಾದ ಪ್ರಶ್ನೆಯೇ ಅದು. ಈ ಪಂಥದ ಕೆಲವರು, ನಾವು ಇಲ್ಲವೇ ಇಲ್ಲ ಎನ್ನುವ ಹಾಗೆ ಇರುತ್ತೇವೆ ಅನ್ನುತ್ತಿದ್ದರು. ಮ್ಯಾಕ್‌ಡೂಗಲ್ ಅದನ್ನು ಒಪ್ಪಲಿಲ್ಲ. 1975ರಲ್ಲೇ ಬರೆದ ಒಂದು ಲೇಖನದಲ್ಲಿ ಅವರ ವಾದ ಇದು: ತೆಗೆಯುವವನು ಅಲ್ಲಿದ್ದಾನೆ, ಅವನು ಬಂದದ್ದರಿಂದಲೇ ಕೆಲವು ಮಾತು ಹುಟ್ಟಿದೆ. ಅದನ್ನು ಮುಚ್ಚಿಡುವುದಕ್ಕಿಂತ ಚಿತ್ರದೊಳಗೇ ತೋರಿಸುವುದು ಒಳ್ಳೆಯದು. ಹಾಗಾಗಿಯೇ ಅವರ ಚಿತ್ರಗಳಲ್ಲಿ ಜನ ಕ್ಯಾಮೆರಾದ ಹಿಂದಿರುವವರ ಜೊತೆ ನೇರ ಮಾತಾಡುತ್ತಾರೆ. ಮನೆಗೆ ಬಂದ ನೆಂಟನನ್ನು ಮಾತಾಡಿಸಿದ ಹಾಗೆ.

ನಮ್ಮ ದೇಶಕ್ಕೂ ಬಂದರು

ಇವೆಲ್ಲ ಎಲ್ಲಿಯದೋ ಮಾತು ಅಂದುಕೊಳ್ಳಬೇಡಿ. ಇದೇ ಮ್ಯಾಕ್‌ಡೂಗಲ್ ದಂಪತಿಗಳು ಮಸ್ಸೂರಿಯ ಫೋಟೋ ಸ್ಟುಡಿಯೋದವರ ಮೇಲೆ 'ಫೋಟೋ ವಾಲಾಸ್' ಎಂಬ ಚಿತ್ರ ಮಾಡಿದರು. ಅದು 1991ರದ್ದು. ನಡುವೆ ಡೇವಿಡ್ ಇಟಲಿಯ ಸಾರ್ಡಿನಿಯ ದ್ವೀಪಕ್ಕೆ ಹೋಗಿ ಗುಡ್ಡದ ಆಡು ಕಾಯುವವರ ಜೊತೆಗಿದ್ದು 1993ರಲ್ಲಿ 'ತೆಂಪುಸ್ ದೆ ಬರಿಸ್ತಾಸ್' ಹೊರತಂದರು. ಹೋಟೆಲು-ಬಾರಿನ ಕೆಲಸದವರ ಕಾಲ ಬಂತು ಎಂಬುದು ಆ ಹೆಸರಿನ ಅರ್ಥ. ಅಪ್ಪ ಆಡು ಕಾಯುತ್ತಾನೆ. ಮಗ ಮುಂದೆ ಕಾಯುತ್ತಾನೋ, ಕೆಳಗಿಳಿದು ಬೇರೆ ಕೆಲಸ ಹಿಡಿಯುತ್ತಾನೋ ಎಂಬುದು ಯೋಚನೆ. ನಮ್ಮ ಕಡೆ ಕುರಿ ಹಟ್ಟಿಗಳಲ್ಲಿ ಈ ಯೋಚನೆ ಇಲ್ಲದ ಮನೆ ಯಾವುದಿದೆ?

1997ರಿಂದ ಡೆಹರಾಡೂನಿನ ಡೂನ್ ಶಾಲೆಯಲ್ಲಿದ್ದು ಡೇವಿಡ್ ಐದು ಚಿತ್ರ ಮಾಡಿದರು. ಆಮೇಲೆ ಬಂದದ್ದು ನಮ್ಮ ಪಕ್ಕಕ್ಕೇ, ಮದನಪಲ್ಲಿ ಹತ್ತಿರದ ರಿಷಿ ವ್ಯಾಲಿ ಶಾಲೆಗೆ. ಜೆ. ಕೃಷ್ಣಮೂರ್ತಿಯವರು ಸ್ಥಾಪಿಸಿದ ಆ ಶಾಲೆ ಕೋಲಾರದ ಕಡೆಯವರಿಗೂ ನಮಗೂ ಕೇಳಿದ ಹೆಸರು. 2007ರಲ್ಲಿ ಹೊರಬಂದ 'ಸ್ಕೂಲ್‌ಸ್ಕೇಪ್ಸ್' ಅಲ್ಲಿ ತೆಗೆದದ್ದು. ಲ್ಯೂಮಿಯೇರ್ ಸೋದರರ ಮೊದಲ ಸಿನಿಮಾಗಳ ಹಾಗೆ ಕ್ಯಾಮೆರಾವನ್ನು ಒಂದು ಕಡೆ ಇಟ್ಟು, ಎದುರಿಗೆ ನಡೆಯುವುದನ್ನು ದೀರ್ಘವಾಗಿ ನೋಡುವುದೇ ಅದರ ರೀತಿ. ಲ್ಯೂಮಿಯೇರ್ ಚಿತ್ರಗಳನ್ನು ಮುಂಬಯಿಯ ವಾಟ್ಸನ್ ಹೋಟೆಲಿನಲ್ಲಿ ತೋರಿಸಿದ್ದು 1896ರ ಜುಲೈ 7ರಂದು. ನಮ್ಮ ದೇಶದಲ್ಲಿ ಸಿನಿಮಾ ಶುರುವಾದದ್ದೇ ಹೀಗೆ, ಕಾರ್ಖಾನೆಯಿಂದ ಹೊರಬರುವ ಜನ, ನಿಲ್ದಾಣಕ್ಕೆ ಬರುವ ರೈಲು ನೋಡುವುದರಿಂದ. ನೂರು ವರ್ಷ ಸುತ್ತಾಡಿ ಮತ್ತೆ ಅಲ್ಲಿಗೇ ಬಂದ ಹಾಗಾಯಿತು.

ಮುಂದೆ ಅವರು ಕ್ಯಾಮೆರಾವನ್ನೇ ಮಕ್ಕಳ ಕೈಗೆ ಕೊಟ್ಟರು. 2013ರ 'ಡೆಲ್ಲಿ ಅಟ್ ಇಲೆವೆನ್' ದೆಹಲಿಯ ಸರ್ಕಾರಿ ಶಾಲೆಯ ಹನ್ನೊಂದು ವರ್ಷದ ನಾಲ್ವರು ಮಕ್ಕಳು ತೆಗೆದ ಚಿತ್ರಗಳನ್ನು ಸೇರಿಸಿದ್ದು. ಒಬ್ಬ ಹುಡುಗ ಆರಿಸಿಕೊಂಡ ವಿಷಯ ತನ್ನ ಮನೆಯವರ ಜನರಲ್ ಸ್ಟೋರ್. ನಮ್ಮ ಅಂಗಡಿಗಳ ಮಕ್ಕಳು ಗಲ್ಲಾದ ಪಕ್ಕ ಕೂತು ಫೋನು ತಿಕ್ಕುತ್ತಿರುತ್ತಾರಲ್ಲ, ಅವರಿಗೂ ಆಗುವ ಕೆಲಸ ಇದು.

ಫೋನು ಹಿಡಿದು ನಾನು ಕಲಿತದ್ದು

ಇಷ್ಟೆಲ್ಲ ಕೇಳಿದ ಮೇಲೆ ಸುಮ್ಮನಿರಲಾಗಲಿಲ್ಲ. ನಮ್ಮ ಸೀಮೆಗೆ ಕ್ಯಾಮೆರಾ ತರುವವರು ನೇರ ಹೇಮಾವತಿಗೆ, ಅಂದರೆ ನೊಳಂಬರ ರಾಜಧಾನಿಯಾಗಿದ್ದ ಹೆಂಜೇರಿಗೆ ಹೋಗುತ್ತಾರೆ. ಸಿದ್ದೇಶ್ವರನ ಗುಡಿ, ಕಲ್ಲಿನ ಕೆತ್ತನೆ ತೆಗೆದುಕೊಂಡು ವಾಪಸಾಗುತ್ತಾರೆ. ತಪ್ಪಲ್ಲ. ಆದರೆ ಕಲ್ಲು ಸಾವಿರ ವರ್ಷ ಕಾದಿದೆ, ಇನ್ನಷ್ಟು ಕಾದೀತು. ನಮ್ಮವ್ವನಿಗೆ ಎಂಬತ್ತು ದಾಟಿದೆ.

ಹಾಗಂತ ಅವ್ವನ ಮುಂದೆಯೇ ಫೋನು ಹಿಡಿದೆ. ಮೊದಲ ದಿನ ಅವಳು ಹೊಸ ಸೀರೆ ಉಟ್ಟು ಗೋಡೆಗೆ ಒರಗಿ ಕೂತಳು, ಮದುವೆ ಫೋಟೋದ ಹಾಗೆ. ಮಾತಾಡು ಅಂದರೆ ರೇಡಿಯೋದವರ ಹಾಗೆ ಮಾತಾಡಿದಳು. ಎರಡನೇ ದಿನ ಬೈದಳು: "ಅದ ಹಿಡ್ಕಂಡು ನಿಂತಿದ್ರೆ ಎಮ್ಮೆಗೆ ನೀರು ಯಾರು ಇಡ್ತಾರೋ?" ನೀರು ಇಟ್ಟು ಬಂದು ಮತ್ತೆ ಹಿಡಿದೆ. ಒಂದು ವಾರ ಆಗುವ ಹೊತ್ತಿಗೆ ಅವಳಿಗೆ ಫೋನಿನ ಗೊಡವೆಯೇ ಇಲ್ಲದಾಯಿತು. ಕಡ್ಲೆಕಾಯಿ ಬಿಡಿಸುತ್ತ, ಪಕ್ಕದ ಮನೆಯವರ ಜೊತೆ ಎರಡು ಭಾಷೆಯಲ್ಲೂ ಹರಟುತ್ತ, ಯಾವುದೋ ಸಾಲದ ಕತೆಗೆ ಬಂದಾಗ ಮಾತ್ರ ದನಿ ಇಳಿಸಿ, "ಇದು ತಗೀಬ್ಯಾಡ" ಅಂದಳು. ತೆಗೆಯಲಿಲ್ಲ.

ಸಂತೆಯಲ್ಲಿ ಇನ್ನೊಂದು ಪಾಠವಾಯಿತು. ಪರಿಚಯದ ಒಬ್ಬರು ಹೋತ ಮಾರುವುದನ್ನು ತೆಗೆಯುತ್ತಿದ್ದೆ. ವ್ಯಾಪಾರ ಮುಗಿದ ಮೇಲೆ ಕೊಂಡವರು ಹತ್ತಿರ ಬಂದು, "ಅಣ್ಣ, ರೇಟು ಹೇಳಿದ್ದು ಅದ್ರಾಗೆ ಐತಾ? ಅದೊಂದು ಅಳಿಸಿಬಿಡಿ, ನಾಳೆ ನನ್ ಯಾಪಾರ ಕೆಡ್ತದೆ" ಅಂದರು. ಅಳಿಸಿದೆ. ಚಿತ್ರ ಚೆನ್ನಾಗಿತ್ತು, ನಿಜ. ಆದರೆ ದರ ಅವರ ಅನ್ನ. ತೆಗೆಯುವುದಕ್ಕೆ ಮುಂಚೆಯೇ ಕೇಳಬೇಕಿತ್ತು. ತೆಗೆದಮೇಲೆ ಅವರಿಗೇ ಮೊದಲು ತೋರಿಸಬೇಕು. ಕಂಡವರ ಬದುಕನ್ನು ಹಂಚಿಬಿಡುವ ಈ ಕಾಲದಲ್ಲಿ ಈ ಮಾತು ಹೆಚ್ಚು ಮುಖ್ಯ.

ಯಾರಾದರೂ ಶುರು ಮಾಡುವುದಾದರೆ ನನಗೆ ತಿಳಿದಷ್ಟು ಹೇಳುತ್ತೇನೆ. ಫೋನು ಅಡ್ಡಡ್ಡ ಹಿಡಿಯಿರಿ. ಒಂದು ಕಡೆ ನಿಂತರೆ ಎರಡು ನಿಮಿಷವಾದರೂ ಅಲ್ಲಾಡಬೇಡಿ, ಕೈ ನೋವಾದರೆ ರಾಗಿ ಮೂಟೆಯ ಮೇಲೆ ಒರಗಿಸಿ. ಗಾಳಿಗೆ ಬೆನ್ನು ಕೊಟ್ಟು ನಿಲ್ಲಿ, ಇಲ್ಲದಿದ್ದರೆ ಮಾತೆಲ್ಲ ಬುಸ್ ಅನ್ನುತ್ತದೆ. ದೂರದಿಂದ ಎಳೆದು ತೋರಿಸುವುದಕ್ಕಿಂತ ಹತ್ತಿರ ಹೋಗಿ ಕೂರಿ. ಕೇಳಿದ್ದಕ್ಕೆ ಉತ್ತರ ಬರುವ ಮುಂಚೆ ಇನ್ನೊಂದು ಕೇಳಬೇಡಿ. ಹಿರಿಯರು ಸುಮ್ಮನಿದ್ದು ಆಮೇಲೆ ಹೇಳುವ ಮಾತೇ ಅಸಲು. ಯಾರು, ಯಾವ ಊರು, ಯಾವ ದಿನ ಅಂತ ಒಂದು ಪುಸ್ತಕದಲ್ಲಿ ಬರೆದಿಡಿ. ಎರಡು ಕಡೆ ಪ್ರತಿ ಇಡಿ, ಫೋನು ಬಾವಿಗೆ ಬಿದ್ದರೂ ಮಾತು ಉಳಿಯಲಿ. ದಯವಿಟ್ಟು ಅದರ ಮೇಲೆ ಸಿನಿಮಾ ಹಾಡು ಹಚ್ಚಬೇಡಿ.

ಅಡಿಬರಹದ ವಿಷಯದಲ್ಲಿ ಗಡಿಯವರಿಗೆ ಒಂದು ವಿಶೇಷ ತೊಂದರೆ ಇದೆ. ಅವ್ವ ಒಂದೇ ಉಸಿರಿನಲ್ಲಿ 'ಮಳೆ'ಯನ್ನೂ 'ವಾನ'ವನ್ನೂ ಅನ್ನುತ್ತಾಳೆ. ಎರಡಕ್ಕೂ ಕೆಳಗೆ 'ಮಳೆ' ಎಂದೇ ಬರೆದರೆ, ಓದುವವನಿಗೆ ಅವಳು ಶುದ್ಧ ಕನ್ನಡದ ಹೆಂಗಸು. ಮ್ಯಾಕ್‌ಡೂಗಲ್ ಅವರೇ ಇದನ್ನು ಬರೆದಿದ್ದಾರೆ: ಅಡಿಬರಹ ಮಾತನ್ನು ಮುಟ್ಟಿಸುತ್ತದೆ, ಜೊತೆಗೆ ಎಲ್ಲ ತಿಳಿದುಬಿಟ್ಟಿತು ಎಂಬ ಭ್ರಮೆಯನ್ನೂ ಕೊಡುತ್ತದೆ. ಆದ್ದರಿಂದ ನಾನು ಅವಳು ಅಂದದ್ದನ್ನು ಅಂದ ಹಾಗೇ ಬರೆಯುತ್ತಿದ್ದೇನೆ. ವಾನ ಅಂದರೆ ವಾನ. ಕೇಳುವವರು ಒಂದು ಹೊಸ ಶಬ್ದ ಕಲಿಯಲಿ.

ನಮ್ಮನ್ನು ಯಾವಾಗಲೂ ಒಂದು ಕಡೆಗೆ ಬರೆಯುತ್ತಾರೆ. ಜನಗಣತಿಯ ಫಾರಂನಲ್ಲಿ ಮಾತೃಭಾಷೆಗೆ ಒಂದೇ ಖಾನೆ. ಶಾಲೆಯ ಅರ್ಜಿಯಲ್ಲೂ ಅಷ್ಟೆ. ಕನ್ನಡ ಅಂತ ಬರೆಸಿದ್ದೇವೆ, ಬರೆಸುತ್ತೇವೆ, ಅದರಲ್ಲಿ ಎರಡು ಮಾತಿಲ್ಲ. ಆದರೆ ಎತ್ತು ಬೈಯುವ ಕನ್ನಡ, ಲೆಕ್ಕ ಹಾಕುವ ತೆಲುಗು ಒಂದೇ ಬಾಯಲ್ಲಿ ಹೇಗೆ ಸಂಸಾರ ಮಾಡುತ್ತವೆ ಎಂಬುದನ್ನು ಫಾರಂ ಹೇಳುವುದಿಲ್ಲ. ಅದನ್ನು ತಾಳ್ಮೆಯ ಕ್ಯಾಮೆರಾ ಹೇಳಬಲ್ಲದು.

ಅವ್ವ ಹೇಳಿದ ಮಾತು

ಕ್ಯಾಸೆಟ್ಟಿನ ಕತೆ ಮುಗಿಸುತ್ತೇನೆ. ಅಪ್ಪ ಹೋದಮೇಲೆ, ಅವತ್ತು ತೆಗೆದ ಮೂಲ ಟೇಪು ಸಿಗುತ್ತದೇನೋ ಅಂತ ವಿಚಾರಿಸಿದ್ದೆ. ಅರ್ಧ ಗಂಟೆಯ ಮಾತು ಅದರಲ್ಲಿ ಇರಬೇಕಲ್ಲ. ಆ ಟೇಪಿನ ಮೇಲೆ ಬೇರೆ ಏನೋ ತುಂಬಿಸಿಯಾಗಿದೆ ಅಂದರು. ಟೇಪಿಗೂ ದುಡ್ಡು, ಅವರನ್ನು ದೂರಿ ಫಲವಿಲ್ಲ.

ಈಚೆಗೆ ಅಳಿಯ ಕ್ಯಾಸೆಟ್ಟನ್ನು ಬೆಂಗಳೂರಿಗೆ ಒಯ್ದು ಪೆನ್‌ಡ್ರೈವಿಗೆ ಹಾಕಿಸಿಕೊಂಡು ಬಂದ. ಟಿ.ವಿ.ಗೆ ಹಚ್ಚಿದೆವು. ಅದೇ ಗಂಭೀರ ದನಿ ಶುರುವಾಯಿತು. ಅವ್ವ, "ಆ ಯಪ್ಪನ ಬಾಯಿ ಮುಚ್ಚಿಸ್ರೋ" ಅಂದಳು. ಸೌಂಡು ಪೂರಾ ತೆಗೆದೆವು. ಮನೆ ಸದ್ದಿಲ್ಲದಾಯಿತು. ಅಪ್ಪ ಬದುವಿನ ಮೇಲೆ ಕೂತಿದ್ದಾರೆ, ಗಿಡ ಕಿತ್ತರು, ಬಾಯಿ ಆಡಿತು.

"ನೋಡು, 'ಎರಡು ವಾನ ಬಿದ್ದಿದ್ರೆ' ಅಂದ್ರು" ಅಂದಳು ಅವ್ವ. ನಾವು ಅವಳ ಕಡೆ ತಿರುಗಿದೆವು. ಅವಳು ಟಿ.ವಿ.ಯಿಂದ ಕಣ್ಣು ತೆಗೆಯಲಿಲ್ಲ. "ಈಗ ಜೊಳ್ಳು ಅಂದ್ರು. ಈಗ ನನ್ ಕಡೆ ನೋಡಿ, ಬುತ್ತಿ ತಂದ್ಯಾ ಅಂತವ್ರೆ. ನಾನು ಈ ಕಡೆ ನಿಂತಿದ್ದೆ, ಕಾಣಲ್ಲ."

ಎಷ್ಟೋ ಸಲ ನೋಡಿದ ಚಿತ್ರ. ಅಪ್ಪ ಕೊನೆಯಲ್ಲಿ ಪಕ್ಕಕ್ಕೆ ತಿರುಗುವುದು ಯಾರ ಕಡೆಗೆ ಅಂತ ನಮಗೆ ಯಾರಿಗೂ ಗೊತ್ತಿರಲಿಲ್ಲ. ಮುಕ್ಕಾಲು ನಿಮಿಷವನ್ನು ಅವತ್ತು ಆರು ಸಲ ಹಾಕಿದೆವು. ಅವ್ವ ಆರು ಸಲವೂ ಹೇಳಿದಳು, ಪ್ರತಿ ಸಲ ಒಂದು ಮಾತು ಹೆಚ್ಚಿಗೆ. ಅಳಿಯ ಬರೆದುಕೊಂಡ. ಅದನ್ನು ಅಪ್ಪನ ಚಿತ್ರದ ಕೆಳಗೆ ಅಡಿಬರಹವಾಗಿ ಹಾಕುತ್ತೇನೆ ಅಂದಿದ್ದಾನೆ. ಅವ್ವ ಹೇಳಿದ್ದೆಲ್ಲ ಅಪ್ಪ ಆಡಿದ್ದೇ ಅಂತ ಕೋರ್ಟಿನಲ್ಲಿ ಸಾಬೀತು ಮಾಡಲಾಗದು. ಆದರೆ ಪುಸ್ತಕದ ತೆಲುಗಿಗಿಂತ ಅಪ್ಪನಿಗೆ ಇದು ಹತ್ತಿರ.

ಅವಳು ಹೀಗೆ ಹೇಳುತ್ತಿದ್ದಾಗ ಅವಳನ್ನು ತೆಗೆಯಬೇಕು ಅಂತ ನನಗೆ ಹೊಳೆಯಲೇ ಇಲ್ಲ. ಫೋನು ಜೇಬಿನಲ್ಲೇ ಇತ್ತು.

ನಿಮ್ಮ ಮನೆಯಲ್ಲೂ ಅಂಥ ಒಬ್ಬರು ಇರುತ್ತಾರೆ. ಈ ಸುಗ್ಗಿ ಮುಗಿಯುವುದರೊಳಗೆ ಅವರ ಪಕ್ಕ ಒಂದು ಗಂಟೆ ಕೂರಿ. ಅವರು ಯಾವ ಭಾಷೆಯಲ್ಲಿ ಬೇಕಾದರೂ ಮಾತಾಡಲಿ, ದನಿ ಅವರದೇ ಇರಲಿ.